ದಾಳ ಪ್ರಾಮಾಣಿಕವೇ? ಎಸೆತಗಳ ಲೆಕ್ಕ ಹೇಳುವುದೆಷ್ಟು, ಹೇಳದೆ ಬಿಡುವುದೆಷ್ಟು

2002ರ ಜನವರಿಯಲ್ಲಿ ಯೂರೋ ನಾಣ್ಯಗಳು ಚಲಾವಣೆಗೆ ಬಂದ ಕೆಲವೇ ದಿನಗಳಲ್ಲಿ ಒಂದು ಸುದ್ದಿ ಯುರೋಪಿನ ಪತ್ರಿಕೆಗಳಲ್ಲಿ ಹರಿದಾಡಿತು. ಪೋಲೆಂಡಿನ ಇಬ್ಬರು ಗಣಿತಜ್ಞರು ತಮ್ಮ ವಿದ್ಯಾರ್ಥಿಗಳೊಂದಿಗೆ ಬೆಲ್ಜಿಯಂನ ಒಂದು ಯೂರೋ ನಾಣ್ಯವನ್ನು ಅಂಚಿನ ಮೇಲೆ ನಿಲ್ಲಿಸಿ 250 ಸಲ ತಿರುಗಿಸಿದ್ದರು. ರಾಜನ ಚಿತ್ರವಿದ್ದ ಮುಖ 140 ಸಲ ಮೇಲೆ ಬಂದಿತ್ತು. ಶೇಕಡಾ ಲೆಕ್ಕದಲ್ಲಿ ಅದು 56. ನಾಣ್ಯಕ್ಕೆ ಪಕ್ಷಪಾತವಿದೆ, ಆಟದ ಟಾಸ್‌ಗೆ ಅದನ್ನು ಬಳಸುವುದು ಸರಿಯೇ ಎಂಬ ಪ್ರಶ್ನೆಗಳೂ ಎದ್ದವು. ಆದರೆ ಯಾವ ದೋಷವೂ ಇಲ್ಲದ ನಾಣ್ಯವನ್ನು 250 ಸಲ ತಿರುಗಿಸಿದರೂ ಎರಡರಲ್ಲಿ ಒಂದು ಮುಖ 140 ಅಥವಾ ಅದಕ್ಕಿಂತ ಹೆಚ್ಚು ಸಲ ಮೇಲೆ ಬರುವ ಸಂಭವ ನೂರಕ್ಕೆ ಆರೇಳರಷ್ಟಿದೆ. ಅಂದರೆ ಹದಿನೈದು ಇಪ್ಪತ್ತು ಮಂದಿ ಇದೇ ಪ್ರಯೋಗವನ್ನು ಸಾಚಾ ನಾಣ್ಯಗಳಿಂದ ಮಾಡಿದರೆ ಅವರಲ್ಲಿ ಒಬ್ಬರಿಗೆ ಇಂಥದ್ದೊಂದು ಸುದ್ದಿ ಸಿಗುತ್ತದೆ. ಉಳಿದವರು ಪತ್ರಿಕೆಗೆ ಬರೆಯುವುದಿಲ್ಲ.

ಇನ್ನೊಂದು ಬಗೆಯಿಂದಲೂ ಈ ಲೆಕ್ಕವನ್ನು ನೋಡಬಹುದು. ನಾಣ್ಯ ಸರಿಯಾಗಿದೆ ಎನ್ನುವ ಊಹೆಯನ್ನು ಅದಕ್ಕೆ ಎದುರಾದ ಊಹೆಯ ಪಕ್ಕದಲ್ಲಿಟ್ಟು, ಬಂದ ಫಲಿತಾಂಶವನ್ನು ಯಾವುದು ಹೆಚ್ಚು ಚೆನ್ನಾಗಿ ವಿವರಿಸುತ್ತದೆ ಎಂದು ಕೇಳುವುದು. ಎದುರು ಪಕ್ಷಕ್ಕೆ ಎಷ್ಟು ಅನುಕೂಲ ಮಾಡಿಕೊಡಲು ಸಾಧ್ಯವೋ ಅಷ್ಟನ್ನೂ ಮಾಡಿಕೊಟ್ಟು, ನಾಣ್ಯದ ನಿಜವಾದ ಒಲವು ಕರಾರುವಾಕ್ಕಾಗಿ ಶೇ. 56 ಎಂದೇ ಇಟ್ಟುಕೊಂಡರೂ, ಅದು 140ರ ಫಲಿತಾಂಶವನ್ನು ಸಾಚಾ ನಾಣ್ಯಕ್ಕಿಂತ ಆರು ಪಟ್ಟಷ್ಟೇ ಚೆನ್ನಾಗಿ ವಿವರಿಸುತ್ತದೆ. ‘ಒಲವು ಎಷ್ಟೆಂದು ಗೊತ್ತಿಲ್ಲ, ಸೊನ್ನೆಯಿಂದ ನೂರರವರೆಗೆ ಏನು ಬೇಕಾದರೂ ಆಗಿರಬಹುದು’ ಎಂಬ ಪ್ರಾಮಾಣಿಕ ಅಜ್ಞಾನದಿಂದ ಹೊರಟರಂತೂ ತಕ್ಕಡಿ ತಿರುಗಿ, ಸಾಚಾ ನಾಣ್ಯದ ಊಹೆಯೇ ಸುಮಾರು ಎರಡು ಪಟ್ಟು ಮೇಲಾಗುತ್ತದೆ. ಅದೇ 140, ಅದೇ 250. ಪ್ರಶ್ನೆಯನ್ನು ಹೇಗೆ ಇಟ್ಟೆವು ಎನ್ನುವುದರ ಮೇಲೆ ಉತ್ತರದ ದಿಕ್ಕೇ ಬದಲಾಗುವಷ್ಟು ಆ ಸಾಕ್ಷ್ಯ ದುರ್ಬಲವಾಗಿತ್ತು.

ಈ ಪ್ರಶ್ನೆ ಇಂದು ಹಿಂದೆಂದಿಗಿಂತ ಹೆಚ್ಚು ಜನರನ್ನು ತಟ್ಟುತ್ತಿದೆ. ಆನ್‌ಲೈನ್ ಆಟಗಳು, ಲಾಟರಿಗಳು, ಅರ್ಜಿದಾರರ ನಡುವೆ ಸೀಟು ಹಂಚುವ ಚೀಟಿ ಎತ್ತುವಿಕೆಗಳು, ಇವೆಲ್ಲ ಈಗ ಯಾರ ಕಣ್ಣಿಗೂ ಕಾಣದ ಸಾಫ್ಟ್‌ವೇರ್‌ನೊಳಗೆ ನಡೆಯುತ್ತವೆ. ಸೋತವರು ತಮ್ಮ ಸೋಲುಗಳ ಪಟ್ಟಿ ಹಿಡಿದು ಮೋಸ ಎನ್ನುತ್ತಾರೆ. ನಡೆಸುವವರು ತಮ್ಮ ಯಂತ್ರ ಪರೀಕ್ಷೆಯಲ್ಲಿ ಪಾಸಾಗಿದೆ ಎಂಬ ಪ್ರಮಾಣಪತ್ರ ತೋರಿಸುತ್ತಾರೆ. ನನ್ನ ಅಭಿಪ್ರಾಯದಲ್ಲಿ ಎರಡೂ ಕಡೆಯವರು ಫಲಿತಾಂಶಗಳಿಂದ ಅವು ಕೊಡಲಾರದ ಉತ್ತರವನ್ನೇ ಬಯಸುತ್ತಿದ್ದಾರೆ. ಎಸೆತಗಳ ಲೆಕ್ಕ ‘ಇದು ಸರಿಯೇ, ತಪ್ಪೇ’ ಎಂದು ತೀರ್ಪು ಕೊಡುವುದಿಲ್ಲ. ಇಷ್ಟು ಎಸೆತಗಳಲ್ಲಿ ಎಷ್ಟು ದೊಡ್ಡ ದೋಷ ಕಣ್ಣು ತಪ್ಪಿಸಿಕೊಳ್ಳಲಾರದು, ಎಷ್ಟು ಚಿಕ್ಕದು ತಪ್ಪಿಸಿಕೊಂಡೀತು ಎಂಬುದನ್ನಷ್ಟೇ ಅದು ಹೇಳಬಲ್ಲದು.

ಇದನ್ನು ಅಂಕಿಗಳಲ್ಲೇ ನೋಡೋಣ. ನಾಣ್ಯವನ್ನು ಹತ್ತು ಸಲ ಚಿಮ್ಮಿದಾಗ ಒಂದು ಮುಖ ಏಳು ಅಥವಾ ಹೆಚ್ಚು ಸಲ ಬರುವ ಸಂಭವ ಶೇ. 34, ಅದರಿಂದ ಏನನ್ನೂ ತೀರ್ಮಾನಿಸಲಾಗದು. ನೂರು ಸಲ ಚಿಮ್ಮಿದರೆ ಸರಿಯಾಗಿ ಐವತ್ತೇ ಹೆಡ್ ಬರುವುದು ನೂರರಲ್ಲಿ ಎಂಟು ಸಲ ಮಾತ್ರ. 40ರಿಂದ 60ರವರೆಗಿನ ಯಾವ ಫಲಿತಾಂಶವೂ ಅಸಹಜವಲ್ಲ. ಎಸೆತಗಳ ಸಂಖ್ಯೆ ಹೆಚ್ಚಿದಂತೆ ಈ ಅನಿಶ್ಚಿತತೆಯ ವ್ಯಾಪ್ತಿ ಕಿರಿದಾಗುತ್ತದೆ, ಆದರೆ ಬಹಳ ಜಿಪುಣತನದಿಂದ: ವ್ಯಾಪ್ತಿಯನ್ನು ಅರ್ಧಕ್ಕಿಳಿಸಬೇಕೆಂದರೆ ಎಸೆತಗಳನ್ನು ನಾಲ್ಕು ಪಟ್ಟು ಮಾಡಬೇಕು, ಹತ್ತನೇ ಒಂದು ಭಾಗಕ್ಕೆ ಇಳಿಸಬೇಕೆಂದರೆ ನೂರು ಪಟ್ಟು. ಸಂಖ್ಯಾಶಾಸ್ತ್ರಜ್ಞರು ವಾಡಿಕೆಯಲ್ಲಿ ಬಳಸುವ ಅಳತೆಗೋಲನ್ನೇ ಇಟ್ಟುಕೊಂಡರೆ, ಅಂದರೆ ಸಾಚಾ ನಾಣ್ಯವನ್ನು ತಪ್ಪಾಗಿ ದೂರುವ ಅಪಾಯ ನೂರಕ್ಕೆ ಐದನ್ನು ಮೀರಬಾರದು ಮತ್ತು ನಿಜವಾದ ದೋಷವಿದ್ದಾಗ ನೂರಕ್ಕೆ ಎಂಬತ್ತು ಸಲವಾದರೂ ಅದು ಸಿಕ್ಕಿಬೀಳಬೇಕು ಎಂದುಕೊಂಡರೆ, ಶೇ. 60ರ ಒಲವನ್ನು ಹಿಡಿಯಲು ಸುಮಾರು 200 ಎಸೆತ ಸಾಕು, ಶೇ. 55ಕ್ಕೆ ಸುಮಾರು 800 ಬೇಕು, ಶೇ. 51ಕ್ಕೆ ಇಪ್ಪತ್ತು ಸಾವಿರದ ಆಸುಪಾಸು. ಐವತ್ತು ಎಸೆತಗಳ ಪಟ್ಟಿ ಹಿಡಿದು ‘ಯಾವ ದೋಷವೂ ಕಾಣಲಿಲ್ಲ’ ಎನ್ನುವವರು ಸುಳ್ಳು ಹೇಳುತ್ತಿಲ್ಲ. ಅವರು ಕಾಣುವಷ್ಟು ನೋಡಿಲ್ಲ, ಅಷ್ಟೇ.

ಇಪ್ಪತ್ತು ಸಾವಿರ ಎಸೆತಗಳನ್ನು ಯಾರು ಮಾಡುತ್ತಾರೆ ಎಂದು ಕೇಳಬಹುದು. ಮಾಡಿದವರಿದ್ದಾರೆ. ಇಂಗ್ಲಿಷ್ ಸಂಖ್ಯಾಶಾಸ್ತ್ರಜ್ಞ ಕಾರ್ಲ್ ಪಿಯರ್ಸನ್ 24,000 ಸಲ ನಾಣ್ಯ ಚಿಮ್ಮಿ 12,012 ಹೆಡ್‌ಗಳನ್ನು ದಾಖಲಿಸಿದ. ಎರಡನೇ ಮಹಾಯುದ್ಧದಲ್ಲಿ ಡೆನ್ಮಾರ್ಕ್‌ನಲ್ಲಿ ಬಂಧನದಲ್ಲಿದ್ದ ಗಣಿತಜ್ಞ ಜಾನ್ ಕೆರಿಚ್ 10,000 ಸಲ ಚಿಮ್ಮಿ 5,067 ಹೆಡ್ ಪಡೆದ. ಆದರೆ ಈ ಸಹನೆಯ ಇತಿಹಾಸದಲ್ಲಿ ವಿಷಯವನ್ನು ಮುಂದಕ್ಕೊಯ್ದ ಪ್ರಯೋಗ ಡಬ್ಲ್ಯು. ಎಫ್. ಆರ್. ವೆಲ್ಡನ್ ಎಂಬ ಇಂಗ್ಲಿಷ್ ಜೀವವಿಜ್ಞಾನಿಯದು. 1894ರಲ್ಲಿ ಆತ ವಿಜ್ಞಾನಿ ಫ್ರಾನ್ಸಿಸ್ ಗಾಲ್ಟನ್‌ಗೆ ಬರೆದ ಪತ್ರದಲ್ಲಿ ಹನ್ನೆರಡು ದಾಳಗಳನ್ನು ಒಟ್ಟಿಗೆ 26,306 ಸಲ ಎಸೆದ ಲೆಕ್ಕವಿತ್ತು. ಬಿಡಿ ದಾಳಗಳನ್ನು ಎಣಿಸಿದರೆ ಅದು 3,15,672 ಎಸೆತ. ಐದು ಅಥವಾ ಆರು ಬಿದ್ದರೆ ಗೆಲುವು ಎಂದು ಎಣಿಸಿದಾಗ ಸಾಚಾ ದಾಳಗಳಿಂದ 1,05,224 ಗೆಲುವು ಬರಬೇಕಿತ್ತು, ಬಂದದ್ದು 1,06,602.

ಅನುಪಾತದಲ್ಲಿ ಈ ವ್ಯತ್ಯಾಸ ಏನೇನೂ ಅಲ್ಲ. 0.3333 ಇರಬೇಕಾದಲ್ಲಿ 0.3377 ಬಂದಿದೆ. ಯೂರೋ ನಾಣ್ಯದ ಆರು ಶೇಕಡಾಂಶದ ಪಕ್ಕದಲ್ಲಿ ಇದು ಅರ್ಧ ಶೇಕಡಾಂಶಕ್ಕೂ ಕಡಿಮೆ. ಆದರೂ ಸಾಕ್ಷ್ಯವಾಗಿ ಇದು ಯೂರೋ ಪ್ರಯೋಗಕ್ಕಿಂತ ಎಷ್ಟೋ ಗಟ್ಟಿ. ಮೂರು ಲಕ್ಷ ಎಸೆತಗಳಲ್ಲಿ ಆಕಸ್ಮಿಕವಾಗಿ ಆಗಬಹುದಾದ ಏರುಪೇರಿನ ಸಾಮಾನ್ಯ ಅಳತೆ, ಅಂದರೆ ಮಾನಕ ವಿಚಲನೆ, ಸುಮಾರು 265. ಕಂಡ ಅಂತರ 1,378, ಅದರ ಐದು ಪಟ್ಟಿಗಿಂತ ಹೆಚ್ಚು. ಆಕಸ್ಮಿಕದಿಂದ ಇಷ್ಟು ದೂರ ಹೋಗುವುದು ಲಕ್ಷಗಳಲ್ಲಿ ಒಂದರ ಮಾತು. ದೋಷದ ಗಾತ್ರವೇ ಬೇರೆ, ದೋಷವಿದೆ ಎನ್ನುವುದಕ್ಕಿರುವ ಸಾಕ್ಷ್ಯದ ಬಲವೇ ಬೇರೆ. ಸುದ್ದಿಯ ಶೀರ್ಷಿಕೆಗಳಲ್ಲಿ ಈ ಎರಡೂ ಸದಾ ಒಂದಾಗಿಬಿಡುತ್ತವೆ, ‘ಗಣನೀಯ’ ಎಂಬ ಒಂದೇ ವಿಶೇಷಣದಡಿ. ಪಿಯರ್ಸನ್ 1900ರಲ್ಲಿ, ಬಂದ ಎಣಿಕೆ ನಿರೀಕ್ಷೆಯಿಂದ ಎಷ್ಟು ದೂರವಿದೆ ಎಂದು ಅಳೆಯುವ ಕೈ-ಸ್ಕ್ವೇರ್ ಪರೀಕ್ಷೆಯನ್ನು ಮಂಡಿಸಿದ ಪ್ರಸಿದ್ಧ ಪ್ರಬಂಧದಲ್ಲಿ ಉದಾಹರಣೆಯಾಗಿ ಬಳಸಿದ್ದು ಇದೇ ವೆಲ್ಡನ್‌ನ ಲೆಕ್ಕವನ್ನು. ಪಿಯರ್ಸನ್‌ನ ತೀರ್ಮಾನ: ದಾಳಗಳು ಐದು ಮತ್ತು ಆರರ ಕಡೆಗೆ ವಾಲಿವೆ. ಅದಕ್ಕೆ ಕೊಡುವ ಕಾರಣವೂ ಸಹಜವಾಗಿ ತೋರುವಂಥದ್ದೇ. ಚುಕ್ಕೆಗಳನ್ನು ಕೊರೆದು ಮಾಡಿದ ದಾಳದಲ್ಲಿ ಐದು ಮತ್ತು ಆರರ ಮುಖಗಳಿಂದ ಹೆಚ್ಚು ವಸ್ತು ಹೋಗಿರುತ್ತದೆ. ಹಗುರವಾದ ಮುಖ ಮೇಲೆ ಬರುತ್ತದೆ.

ಈ ಕಥೆಗೆ 2009ರಲ್ಲಿ ಒಂದು ಸೊಗಸಾದ ಮುಂದುವರಿಕೆ ಸಿಕ್ಕಿತು. ಶಿಕಾಗೋ ವಿಶ್ವವಿದ್ಯಾಲಯದಲ್ಲಿದ್ದ ಸಂಶೋಧಕರೊಬ್ಬರು ಹನ್ನೆರಡು ದಾಳಗಳನ್ನು ಪೆಟ್ಟಿಗೆಯಲ್ಲಿಟ್ಟು, ಯಂತ್ರವೇ ಅಲುಗಿಸಿ, ಕ್ಯಾಮೆರಾವೇ ಚಿತ್ರ ತೆಗೆದು, ಕಂಪ್ಯೂಟರೇ ಚುಕ್ಕೆ ಎಣಿಸುವಂತೆ ಮಾಡಿ, ವೆಲ್ಡನ್ ಎಸೆದಷ್ಟೇ ಸಲ, ಅಂದರೆ 26,306 ಸಲ, ಎಸೆಸಿದರು. ಐದು ಮತ್ತು ಆರನ್ನು ಕೂಡಿಸಿ ನೋಡಿದರೆ 1,05,529. ನಿರೀಕ್ಷೆಗಿಂತ 305 ಮಾತ್ರ ಹೆಚ್ಚು, ಅಂದರೆ ಮಾನಕ ವಿಚಲನೆಯಿಂದ ಸ್ವಲ್ಪವಷ್ಟೇ ಆಚೆ. ವೆಲ್ಡನ್‌ನ ಪ್ರಶ್ನೆಗೆ ಈ ದಾಳಗಳು ಕೊಟ್ಟ ಉತ್ತರ: ದೂರುವಂಥದ್ದು ಏನೂ ಇಲ್ಲ. ಆದರೆ ವೆಲ್ಡನ್ ಬರೆದಿಟ್ಟುಕೊಳ್ಳದೆ ಬಿಟ್ಟಿದ್ದ ಒಂದು ವಿವರವನ್ನು ಯಂತ್ರ ಬರೆದಿಟ್ಟುಕೊಂಡಿತ್ತು: ಆರೂ ಮುಖಗಳ ಬಿಡಿ ಲೆಕ್ಕ. ಒಂದು 53,222 ಸಲ, ಎರಡು 52,118, ಮೂರು 52,465, ನಾಲ್ಕು 52,338, ಐದು 52,244, ಆರು 53,285. ಪ್ರತಿಯೊಂದೂ 52,612ರ ಹತ್ತಿರ ಇರಬೇಕಿತ್ತು. ಕೈ-ಸ್ಕ್ವೇರ್ ಪರೀಕ್ಷೆಯಲ್ಲಿ ಪ್ರತಿ ಮುಖದ ಅಂತರವನ್ನು ವರ್ಗ ಮಾಡಿ, ನಿರೀಕ್ಷಿತ ಸಂಖ್ಯೆಯಿಂದ ಭಾಗಿಸಿ, ಆರನ್ನೂ ಕೂಡಿಸುತ್ತಾರೆ. ಇಲ್ಲಿ ಬರುವ ಮೊತ್ತ 24.7. ಆರು ಮುಖಗಳ ಸಾಚಾ ದಾಳಕ್ಕೆ ಇದು 11.07ನ್ನು ದಾಟುವುದೇ ನೂರಕ್ಕೆ ಐದು ಸಲ; 24.7 ಬರುವುದು ಹತ್ತು ಸಾವಿರಕ್ಕೆ ಒಂದೆರಡು ಸಲ.

ಯಾವ ಮುಖಗಳು ಹೆಚ್ಚು ಬಂದಿವೆ ನೋಡಿ: ಒಂದು ಮತ್ತು ಆರು. ದಾಳದಲ್ಲಿ ಎದುರುಬದುರು ಮುಖಗಳ ಮೊತ್ತ ಏಳು, ಆದ್ದರಿಂದ ಈ ಎರಡು ಒಂದಕ್ಕೊಂದು ಬೆನ್ನು ಹಾಕಿರುವ ಮುಖಗಳು. ತೂಕದ ದೋಷವಿದ್ದಿದ್ದರೆ ಆರು ಹೆಚ್ಚಾದಷ್ಟೂ ಒಂದು ಕಡಿಮೆಯಾಗಬೇಕಿತ್ತು. ಎರಡೂ ಒಟ್ಟಿಗೆ ಹೆಚ್ಚಾಗಿವೆ ಎಂದರೆ ದೋಷ ಇರುವುದು ಆಕಾರದಲ್ಲಿ: ಆ ಎರಡು ಮುಖಗಳ ನಡುವಿನ ಅಂತರ ಕಿರಿದಾಗಿದ್ದು, ದಾಳ ತುಸು ಚಪ್ಪಟೆಯಾಗಿದೆ, ಚಪ್ಪಟೆಯಾದ ವಸ್ತು ತನ್ನ ಅಗಲವಾದ ಮುಖದ ಮೇಲೆ ಕೂರುತ್ತದೆ. ದಾಳಗಳನ್ನು ಅಳೆದಾಗ ಒಂದು-ಆರರ ಅಕ್ಷ ಉಳಿದೆರಡಕ್ಕಿಂತ ಕೂದಲೆಳೆಯಷ್ಟು ಚಿಕ್ಕದಾಗಿದ್ದುದೂ ಕಂಡುಬಂತು. ಫಲಿತಾಂಶಗಳ ಪಟ್ಟಿ ದೋಷವನ್ನು ತೋರಿಸಿದ್ದಷ್ಟೇ ಅಲ್ಲದೆ ಅದರ ಭೌತಿಕ ಕಾರಣದ ಕಡೆಗೂ ಬೆರಳು ಮಾಡಿದ ಇಂಥ ನಿದರ್ಶನ ಅಪರೂಪ. ಎರಡು ಮುಖಗಳನ್ನು ಕೂಡಿಸಿ ಬರೆದಿಟ್ಟ ಲೆಕ್ಕದಿಂದ ಇದು ಎಂದಿಗೂ ಹೊರಬರುತ್ತಿರಲಿಲ್ಲ.

ಹಾಗೆಂದು ಬಂದ ಲೆಕ್ಕವನ್ನು ಎದುರಿಗಿಟ್ಟುಕೊಂಡು ಬೇಕಾದ ಪ್ರಶ್ನೆ ಕೇಳುತ್ತ ಹೋಗುವುದು ಅಪಾಯ. ಒಂದು ಕಾಲ್ಪನಿಕ ದಾಳವನ್ನು 120 ಸಲ ಎಸೆದಾಗ ಒಂದರಿಂದ ಆರರವರೆಗಿನ ಮುಖಗಳು ಕ್ರಮವಾಗಿ 14, 23, 17, 19, 16 ಮತ್ತು 31 ಸಲ ಬಂದವೆನ್ನೋಣ. ಪ್ರತಿಯೊಂದೂ 20ರ ಹತ್ತಿರ ಇರಬೇಕು. ಅಂತರಗಳ ವರ್ಗಗಳ ಮೊತ್ತ 192, ಅದನ್ನು 20ರಿಂದ ಭಾಗಿಸಿದರೆ 9.6. ಅದು 11.07ಕ್ಕಿಂತ ಕಡಿಮೆ; ಸಾಚಾ ದಾಳಗಳಲ್ಲೂ ಇಷ್ಟು ಏರುಪೇರು ನೂರಕ್ಕೆ ಎಂಟೊಂಬತ್ತು ಸಲ ಕಾಣುತ್ತದೆ. ಆದರೆ ಪಟ್ಟಿ ನೋಡಿದವರ ಕಣ್ಣು ಆರರ ಮೇಲೇ ನಿಲ್ಲುತ್ತದೆ. ಆರನ್ನು ಮಾತ್ರ ಬಿಡಿಸಿ ಲೆಕ್ಕ ಹಾಕಿದರೆ, 120 ಎಸೆತಗಳಲ್ಲಿ 31 ಅಥವಾ ಹೆಚ್ಚು ಆರು ಬರುವ ಸಂಭವ ಸಾವಿರಕ್ಕೆ ಏಳರಷ್ಟು ಮಾತ್ರ, ಅಂದರೆ ದಾಳ ಸಿಕ್ಕಿಬಿದ್ದಂತೆಯೇ. ಹಾಗಾದರೆ ಯಾವ ಲೆಕ್ಕ ಸರಿ? ‘ಈ ದಾಳ ಆರನ್ನು ಹೆಚ್ಚು ಬೀಳಿಸುತ್ತದೆ’ ಎಂಬ ಅನುಮಾನ ಎಸೆಯುವ ಮೊದಲೇ ಇದ್ದಿದ್ದರೆ ಎರಡನೆಯದು ಸರಿ. ಪಟ್ಟಿ ನೋಡಿದ ಮೇಲೆ ಆರನ್ನು ಆಯ್ದುಕೊಂಡಿದ್ದರೆ, ಬೇರೆ ಯಾವ ಮುಖ ಹೆಚ್ಚಾಗಿದ್ದರೂ ಅದನ್ನೇ ಆಯ್ದುಕೊಳ್ಳುತ್ತಿದ್ದೆವು ಎಂಬುದನ್ನು ಒಪ್ಪಿಕೊಂಡು ಆ ಸಂಭವವನ್ನು ಆರರಿಂದ ಗುಣಿಸಬೇಕು. ಆಗ ಅದು ನೂರಕ್ಕೆ ನಾಲ್ಕರ ಸುಮಾರಿಗೆ ಏರಿ, ಗಡಿಯ ಮೇಲೆ ನಿಂತುಬಿಡುತ್ತದೆ. ಇಂಥ ಕಡೆ ನೇರವಾದ ದಾರಿ ಒಂದೇ: ಆರರ ಮೇಲಿನ ಅನುಮಾನವನ್ನು ಬರೆದಿಟ್ಟು, ಹಳೆಯ 120ನ್ನು ಬದಿಗಿರಿಸಿ, ಹೊಸದಾಗಿ ಎಸೆಯುವುದು.

ಇದೇ ಜಾತಿಯ ಇನ್ನೊಂದು ತಪ್ಪು ಮೋಸವೆಂದು ತೋರುವುದೇ ಇಲ್ಲ. ಎಸೆಯುತ್ತ ಎಸೆಯುತ್ತ ಪ್ರತಿ ಎಸೆತದ ನಂತರ ಲೆಕ್ಕ ನೋಡಿ, ಶೇ. 5ರ ಗಡಿ ದಾಟಿದ ಕ್ಷಣದಲ್ಲಿ ನಿಲ್ಲಿಸಿ ‘ಸಿಕ್ಕಿಬಿತ್ತು’ ಎನ್ನುವುದು. ಸಾಕಷ್ಟು ಹೊತ್ತು ಕಾಯುವವರಿಗೆ ಪೂರ್ತಿ ಸಾಚಾ ನಾಣ್ಯವೂ ಒಂದಲ್ಲ ಒಂದು ದಿನ ಆ ಗಡಿಯನ್ನು ದಾಟಿಯೇ ದಾಟುತ್ತದೆ. ಇದು ಗಣಿತದಲ್ಲಿ ಸಾಧಿಸಿ ತೋರಿಸಬಹುದಾದ ಸಂಗತಿ. ಸತತ ಸೋಲುಗಳ ನಡುವೆ ಲೆಕ್ಕ ಶುರು ಮಾಡಿ, ಸೋಲಿನ ತುದಿಯಲ್ಲಿ ಲೆಕ್ಕ ಮುಗಿಸುವ ಆಟಗಾರ ತನಗೆ ತಿಳಿಯದೆಯೇ ಇದನ್ನು ಮಾಡುತ್ತಾನೆ.

ಎಷ್ಟು ಸಲ ಎನ್ನುವುದರ ಜೊತೆಗೆ ಯಾವ ಕ್ರಮದಲ್ಲಿ ಎನ್ನುವುದೂ ಇದೆ. ಹೆಡ್, ಟೇಲ್, ಹೆಡ್, ಟೇಲ್ ಎಂದು ಸಾಲಾಗಿ ಬೀಳುವ ನಾಣ್ಯ ಅನುಪಾತದ ಪರೀಕ್ಷೆಯಲ್ಲಿ ನೂರಕ್ಕೆ ನೂರು ಅಂಕ ಪಡೆಯುತ್ತದೆ, ಆದರೆ ಮುಂದಿನದೇನೆಂದು ಎಲ್ಲರಿಗೂ ಗೊತ್ತು. ನಿಜವಾದ ಆಕಸ್ಮಿಕ ಇದಕ್ಕೆ ವ್ಯತಿರಿಕ್ತವಾಗಿ ಗುಂಪುಗುಂಪಾಗಿ ಬರುತ್ತದೆ. 200 ಎಸೆತಗಳಲ್ಲಿ ಒಂದೇ ಮುಖ ಸತತ ಆರು ಸಲ ಬೀಳುವ ಘಟ್ಟ ಒಮ್ಮೆಯಾದರೂ ಬರುವ ಸಂಭವ ಶೇ. 95ಕ್ಕೂ ಮೇಲೆ. ಮನಸ್ಸಿನಲ್ಲೇ ಕಲ್ಪಿಸಿಕೊಂಡು ಬರೆದ ಸುಳ್ಳು ಪಟ್ಟಿಗಳಲ್ಲಿ ಅದು ಬಹುಮಟ್ಟಿಗೆ ಇರುವುದಿಲ್ಲ, ಏಕೆಂದರೆ ನಾಲ್ಕು ಹೆಡ್ ಬರೆದ ಕೈ ಐದನೆಯದಕ್ಕೆ ತಾನಾಗಿಯೇ ಹಿಂಜರಿಯುತ್ತದೆ. ಫಲಿತಾಂಶ ಅತಿಯಾಗಿ ಅಚ್ಚುಕಟ್ಟಾಗಿದ್ದರೂ ಅನುಮಾನಪಡಬೇಕು. 1901ರಲ್ಲಿ ಇಟಲಿಯ ಲಾಜ್ಜರಿನಿ, ಗೆರೆ ಎಳೆದ ಹಾಳೆಯ ಮೇಲೆ 3,408 ಸಲ ಸೂಜಿ ಎಸೆದು, ಅದು ಗೆರೆಯನ್ನು ಮುಟ್ಟಿದ ಪ್ರಮಾಣದಿಂದ ಪೈ ಬೆಲೆಯನ್ನು ಆರು ದಶಮಾಂಶ ಸ್ಥಾನಗಳವರೆಗೆ ಸರಿಯಾಗಿ ಪಡೆದೆನೆಂದು ಪ್ರಕಟಿಸಿದ. ಅಷ್ಟು ಎಸೆತಗಳಿಂದ ಎರಡನೇ ದಶಮಾಂಶ ಸ್ಥಾನ ಸರಿ ಬಂದರೇ ಹೆಚ್ಚು.

ಇಷ್ಟು ಹೊತ್ತು ಪರೀಕ್ಷೆಗೆ ಒಳಗಾಗುತ್ತಿರುವುದು ನಾಣ್ಯ ಅಥವಾ ದಾಳ ಎಂದುಕೊಂಡಿದ್ದೇವೆ. ಅದು ಪೂರ್ತಿ ಸರಿಯಲ್ಲ. ಅಮೆರಿಕದ ಗಣಿತಜ್ಞ ಪರ್ಸಿ ಡಯಕಾನಿಸ್ ಮತ್ತು ಇಬ್ಬರು ಸಹ ಸಂಶೋಧಕರು 2007ರಲ್ಲಿ ಪ್ರಕಟಿಸಿದ ಪ್ರಬಂಧದಲ್ಲಿ, ಕೈಯಿಂದ ಚಿಮ್ಮಿ ಕೈಯಲ್ಲೇ ಹಿಡಿಯುವ ನಾಣ್ಯ ಗಾಳಿಯಲ್ಲಿ ತುಸು ಓಲಾಡುವುದರಿಂದ, ಚಿಮ್ಮುವಾಗ ಮೇಲಿದ್ದ ಮುಖವೇ ಶೇ. 51ರಷ್ಟು ಸಲ ಮೇಲೆ ಬರಬೇಕೆಂದು ಲೆಕ್ಕ ಹಾಕಿ ಹೇಳಿದ್ದರು. 2023ರಲ್ಲಿ ಯುರೋಪಿನ ಸಂಶೋಧಕರ ಒಂದು ಗುಂಪು ಇದನ್ನು ಪರೀಕ್ಷಿಸಿತು: 48 ಮಂದಿ, 46 ದೇಶ ಹಾಗೂ ಒಕ್ಕೂಟಗಳ ನಾಣ್ಯಗಳು, 3,50,757 ಚಿಮ್ಮುಗಳು. ಆರಂಭದಲ್ಲಿ ಮೇಲಿದ್ದ ಮುಖವೇ ಬಂದದ್ದು ಶೇ. 50.8, ಆಕಸ್ಮಿಕದ ಅಳತೆಯಲ್ಲಿ ಮಾನಕ ವಿಚಲನೆಯ ಒಂಬತ್ತು ಪಟ್ಟಿಗೂ ಹೆಚ್ಚು ದೂರ. ಅದೇ ಚಿಮ್ಮುಗಳನ್ನು ಹೆಡ್-ಟೇಲ್ ಎಂದು ಎಣಿಸಿದಾಗ ಮಾತ್ರ ಅರ್ಧಕ್ಕರ್ಧ, ಯಾವ ಒಲವೂ ಇಲ್ಲ. ಚಿಮ್ಮುವವರಿಂದ ಚಿಮ್ಮುವವರಿಗೆ ಈ ಒಲವಿನ ಪ್ರಮಾಣವೂ ಬದಲಾಗುತ್ತಿತ್ತು. ನಾಣ್ಯ ಸಾಚಾ, ಕೈ ಅಲ್ಲ. ಚಿಮ್ಮುವ ಮೊದಲು ಯಾವ ಮುಖ ಮೇಲಿದೆ ಎಂಬುದು ಕರೆಯುವವನಿಗೆ ಕಾಣದಿದ್ದರೆ ಈ ದೋಷದಿಂದ ಯಾರಿಗೂ ಲಾಭವಿಲ್ಲ, ಕಂಡರೆ ಇದೆ. ಆದ್ದರಿಂದ ‘ಸಾಧನ’ ಎನ್ನುವಾಗ ವಸ್ತುವಿನ ಜೊತೆಗೆ ಅದನ್ನು ಬಳಸುವ ವಿಧಾನವನ್ನೂ, ಯಾರಿಗೆ ಏನು ಗೊತ್ತಿದೆ ಎಂಬುದನ್ನೂ ಸೇರಿಸಿಕೊಳ್ಳಲೇಬೇಕು.

ವಿಧಾನದ ದೋಷಕ್ಕೆ ಮನುಷ್ಯರು ದುಬಾರಿ ಬೆಲೆ ತೆತ್ತ ಉದಾಹರಣೆ ಅಮೆರಿಕದ್ದು. 1969ರ ಡಿಸೆಂಬರ್ 1ರಂದು, ವಿಯೆಟ್ನಾಂ ಯುದ್ಧದ ಕಾಲದ ಕಡ್ಡಾಯ ಸೇನಾ ಸೇರ್ಪಡೆಯ ಸರದಿಯನ್ನು ಲಾಟರಿಯಿಂದ ನಿರ್ಧರಿಸಲಾಯಿತು. ವರ್ಷದ 366 ಹುಟ್ಟುದಿನಗಳನ್ನು ಒಂದೊಂದು ಗುಳಿಗೆಯಲ್ಲಿಟ್ಟು ಎತ್ತಿದರು; ಮೊದಲು ಬಂದ ದಿನದವರು ಮೊದಲು ಸೇನೆಗೆ. ಗುಳಿಗೆಗಳನ್ನು ತಿಂಗಳ ಕ್ರಮದಲ್ಲಿ ಪೆಟ್ಟಿಗೆಗೆ ಹಾಕಿದ್ದರು, ಕಲಸಿದ್ದು ಸಾಲದೆ ಹೋಯಿತು. ಜನವರಿಯಲ್ಲಿ ಹುಟ್ಟಿದವರ ಸರಾಸರಿ ಸರದಿ ಸಂಖ್ಯೆ 201, ಡಿಸೆಂಬರ್‌ನವರದು ಸುಮಾರು 121. ಎಲ್ಲರದೂ 183ರ ಆಸುಪಾಸಿನಲ್ಲಿರಬೇಕಿತ್ತು. ದಿನಾಂಕಕ್ಕೂ ಸರದಿಗೂ ನಡುವೆ ಕಂಡ ಈ ಸಂಬಂಧ ಆಕಸ್ಮಿಕವಾಗಿರುವ ಸಂಭವ ಲಕ್ಷಕ್ಕೆ ಎರಡಕ್ಕೂ ಕಡಿಮೆ. ಲಾಟರಿ ನಡೆದದ್ದು ಒಮ್ಮೆ ಮಾತ್ರವಾದರೂ ಆ ಒಂದರೊಳಗೆ 366 ಫಲಿತಾಂಶಗಳಿದ್ದುದರಿಂದ ತೀರ್ಪು ಸಾಧ್ಯವಾಯಿತು. ಮರುವರ್ಷ ಯಾದೃಚ್ಛಿಕ ಸಂಖ್ಯೆಗಳ ಕೋಷ್ಟಕದ ನೆರವಿನಿಂದ ಕ್ರಮವನ್ನು ಮೊದಲೇ ಕಲಸಿ, ದಿನಾಂಕಗಳಿಗೊಂದು, ಸರದಿ ಸಂಖ್ಯೆಗಳಿಗೊಂದು ಎಂದು ಎರಡು ಡ್ರಮ್‌ಗಳನ್ನಿಟ್ಟು ಎತ್ತಿದರು.

ಫಲಿತಾಂಶ ಒಂದೇ ಇದ್ದಾಗ ಲೆಕ್ಕಾಚಾರ ಬಾಯಿ ಕಟ್ಟಿಕೊಳ್ಳುತ್ತದೆ. 1980ರ ಏಪ್ರಿಲ್ 24ರಂದು ಪೆನ್ಸಿಲ್ವೇನಿಯಾ ರಾಜ್ಯದ ಲಾಟರಿಯಲ್ಲಿ 666 ಬಂತು. ಸಾವಿರ ಸಂಖ್ಯೆಗಳಲ್ಲಿ 666 ಬರುವ ಸಂಭವ 274 ಅಥವಾ 815 ಬರುವಷ್ಟೇ. ಆ ಸಂಖ್ಯೆ ವಿಚಿತ್ರವಾಗಿ ಕಾಣುವುದು ಸಾಕ್ಷ್ಯವಲ್ಲ. ಆದರೆ ಅಲ್ಲಿ ನಿಜಕ್ಕೂ ಮೋಸ ನಡೆದಿತ್ತು: ಅಂಕಿಗಳನ್ನು ಆರಿಸುವ ಚೆಂಡುಗಳಲ್ಲಿ ನಾಲ್ಕು ಮತ್ತು ಆರರವನ್ನು ಬಿಟ್ಟು ಉಳಿದವುಗಳೊಳಗೆ ಬಣ್ಣ ತುಂಬಿಸಿ ಭಾರ ಮಾಡಿದ್ದರು. ಅನುಮಾನ ಹುಟ್ಟಿಸಿದ್ದು, ನಾಲ್ಕು ಮತ್ತು ಆರರಿಂದ ಮಾತ್ರ ಆಗುವ ಎಂಟು ಸಂಖ್ಯೆಗಳ ಮೇಲೆ ಬಿದ್ದಿದ್ದ ಅಸಹಜ ಪ್ರಮಾಣದ ಹಣ. ಮೋಸದ ಊಹೆಯೊಂದು ಮೊದಲೇ ಈ ಎಂಟನ್ನು ಬೆರಳಿಟ್ಟು ತೋರಿಸುವಂತಿದ್ದರೆ ಮಾತ್ರ ಒಂದೇ ಎತ್ತುವಿಕೆಯೂ ಮಾತನಾಡುತ್ತದೆ.

ಸಾಫ್ಟ್‌ವೇರ್‌ನ ಕಾಲದಲ್ಲಿ ಪರೀಕ್ಷೆಗಳಿಗೆ ಕೊರತೆಯಿಲ್ಲ. ಅಮೆರಿಕದ ಮಾನಕ ಸಂಸ್ಥೆಯ ಪ್ರಸಿದ್ಧ ಪರೀಕ್ಷಾಗುಚ್ಛದಲ್ಲಿ ಹದಿನೈದು ಬಗೆಯವು ಇವೆ, ಯಂತ್ರದಿಂದ ಕೋಟಿಗಟ್ಟಲೆ ಸಂಖ್ಯೆಗಳನ್ನು ಕ್ಷಣದಲ್ಲಿ ಪಡೆಯಲೂಬಹುದು; ವೆಲ್ಡನ್‌ನ ಕಷ್ಟ ಇಲ್ಲಿ ಇಲ್ಲ. ಇಲ್ಲಿನ ತೊಡಕು ಬೇರೆ. ದಾಳಕ್ಕೆ ತನ್ನನ್ನು ಪರೀಕ್ಷಿಸುತ್ತಿದ್ದಾರೆಂದು ತಿಳಿಯುವುದಿಲ್ಲ, ಸಾಫ್ಟ್‌ವೇರ್‌ಗೆ ದಿನಾಂಕ ತಿಳಿದಿರುತ್ತದೆ. ಅಮೆರಿಕದ ಹಲವು ರಾಜ್ಯಗಳ ಲಾಟರಿ ಸಂಘದ ಭದ್ರತಾ ನಿರ್ದೇಶಕನೇ ಸಂಖ್ಯೆ ಉತ್ಪಾದಿಸುವ ಪ್ರೋಗ್ರಾಮ್‌ನೊಳಗೆ ಸೇರಿಸಿದ್ದ ಕೆಲವು ಸಾಲುಗಳು, ವರ್ಷದ ಮೂರು ನಿರ್ದಿಷ್ಟ ದಿನಗಳಲ್ಲಿ, ಅದೂ ವಾರದ ಗೊತ್ತಾದ ದಿನ ಮತ್ತು ಹೊತ್ತು ಕೂಡಿ ಬಂದಾಗ ಮಾತ್ರ, ಮುಂಚಿತವಾಗಿ ಊಹಿಸಬಲ್ಲ ಸಂಖ್ಯೆಗಳನ್ನು ಕೊಡುತ್ತಿದ್ದವು. ಉಳಿದೆಲ್ಲ ದಿನ ಯಂತ್ರ ಪ್ರಾಮಾಣಿಕವಾಗಿತ್ತು, ಪರೀಕ್ಷೆಗಳಿಗೆ ಅದರಲ್ಲಿ ತಪ್ಪೇನೂ ಕಾಣಲಿಲ್ಲ. ಮೋಸದ ದಿನಗಳಲ್ಲಿ ಬಂದ ಸಂಖ್ಯೆಗಳೂ ನೋಡಲು ಬೇರೆ ಸಂಖ್ಯೆಗಳಂತೆಯೇ ಇದ್ದವು. ಆತ ಸಿಕ್ಕಿಬಿದ್ದದ್ದು 2010ರ ಡಿಸೆಂಬರ್‌ನ 1.65 ಕೋಟಿ ಡಾಲರ್ ಬಹುಮಾನದ ಟಿಕೆಟ್‌ಗೆ ನಿಜವಾದ ಒಡೆಯ ಮುಂದೆ ಬಾರದೆ, ಅದನ್ನು ಕೊಂಡವನ ವಿಡಿಯೋವನ್ನು ತನಿಖಾಧಿಕಾರಿಗಳು ಬಿಡುಗಡೆ ಮಾಡಿ, ಪರಿಚಿತರು ಅವನನ್ನು ಗುರುತು ಹಿಡಿದಾಗ. 2017ರಲ್ಲಿ ಆತ ತಪ್ಪೊಪ್ಪಿಕೊಂಡ. ಪ್ರೋಗ್ರಾಮ್‌ನೊಳಗಿನ ಆ ಸಾಲುಗಳು ಪತ್ತೆಯಾದದ್ದು ಪರಿಣತರು ಯಂತ್ರವನ್ನೇ ಬಿಚ್ಚಿ ಓದಿದ ಮೇಲೆ.